ಪ್ರಮಾದವೋ, ಪ್ರಮಾದಮೋ?



ಆದೋನಿಯ ಬಸ್ ನಿಲ್ದಾಣಕ್ಕೆ ಒಬ್ಬ ಹುಡುಗ ಓಡಿಬಂದು 'ಪ್ರಮಾದಂ ಜರಿಗಿಂದಿ' ಎಂದು ಕೂಗಿದ ಎನ್ನಿ. ಕೂತವರೆಲ್ಲ ಎದ್ದು ನಿಲ್ಲುತ್ತಾರೆ. ಬಸ್ಸು ಎಲ್ಲಿ ಪಲ್ಟಿಯಾಯಿತು, ಯಾರಿಗೆ ಪೆಟ್ಟಾಯಿತು ಎಂದು ಕೇಳುತ್ತಾರೆ. ಅದೇ ಬಳ್ಳಾರಿಯ ಒಂದು ಕಚೇರಿಯಲ್ಲಿ ಗುಮಾಸ್ತರು 'ಪ್ರಮಾದವಾಯಿತು ಸ್ವಾಮೀ' ಎಂದರೆ ಯಾರೂ ಆಸ್ಪತ್ರೆಯ ಕಡೆಗೆ ಓಡುವುದಿಲ್ಲ. ಕಾಗದದಲ್ಲಿ ಒಂದು ಅಕ್ಷರ ತಪ್ಪಿದೆ, ತಿದ್ದಿ ರುಜು ಹಾಕಿದರೆ ಮುಗಿಯಿತು. ಶಬ್ದ ಒಂದೇ. ಸಂಸ್ಕೃತದಿಂದ ಹೊರಟು ಕನ್ನಡಕ್ಕೆ ಬಂದಾಗ ಅದು 'ತಪ್ಪು' ಆಯಿತು, ತೆಲುಗಿಗೆ ಹೋದಾಗ 'ಅಪಘಾತ' ಆಯಿತು.

ರಾಜಕಾರಣಿಗಳ ಬಾಯಿತಪ್ಪುಗಳನ್ನು ಹಿಡಿದು ಬರೆಯುವ ನಗೆಬರಹದ ಬಗ್ಗೆ ನಾಲ್ಕು ಮಾತು ಆಡಲು ಇಂದು ನಿಮ್ಮ ಮುಂದೆ ಬಂದಿದ್ದೇನೆ. ನಾಯಕರ ಬಾಯಿಂದ ಒಂದು ಮಾತು ಜಾರಿದಾಗ ಅದು ಕನ್ನಡದ ಪ್ರಮಾದವೋ, ತೆಲುಗಿನ ಪ್ರಮಾದಮೋ ಎಂದು ಗುರುತಿಸುವುದು ಹೇಗೆ? ಎರಡೂ ಭಾಷೆ ಬಲ್ಲ ನಮ್ಮ ಗಡಿಯ ಜನಕ್ಕೆ ಈ ಪ್ರಶ್ನೆ ಬೇರೆಯವರಿಗಿಂತ ಬೇಗ ಹೊಳೆಯಬೇಕು.

ಮೊದಲು ನಮ್ಮವರೇ ಆದ ಒಬ್ಬ ಲೇಖಕರನ್ನು ನೆನೆಯೋಣ. ರಾಯಸಂ ಭೀಮಸೇನರಾಯರು, ಅಂದರೆ ಬೀಚಿ. 1913ರಲ್ಲಿ ಹರಪನಹಳ್ಳಿಯಲ್ಲಿ ಹುಟ್ಟಿದರು. ಹರಪನಹಳ್ಳಿ ಎಲ್ಲಿ, ನಾವೆಲ್ಲಿ ಎನ್ನಬೇಡಿ. ಆಗ ಹರಪನಹಳ್ಳಿ, ಬಳ್ಳಾರಿ, ಸಿರುಗುಪ್ಪ, ಆಲೂರು, ಆದೋನಿ, ರಾಯದುರ್ಗ ಇವೆಲ್ಲ ಮದ್ರಾಸ್ ಪ್ರಾಂತ್ಯದ ಒಂದೇ ಬಳ್ಳಾರಿ ಜಿಲ್ಲೆಯ ತಾಲ್ಲೂಕುಗಳು. 1953ರ ಅಕ್ಟೋಬರ್ 1ರಂದು ಕರ್ನೂಲು ರಾಜಧಾನಿಯಾಗಿ ಆಂಧ್ರ ರಾಜ್ಯ ಹುಟ್ಟಿತು. ಆದೋನಿ, ಆಲೂರು, ರಾಯದುರ್ಗ ಈ ಕಡೆಗೆ ಉಳಿದವು, ಜಿಲ್ಲೆಯ ಮಿಕ್ಕ ಭಾಗ ಮೈಸೂರು ರಾಜ್ಯಕ್ಕೆ ಸೇರಿತು. ಅಂದರೆ ಬೀಚಿಯವರ ವಯಸ್ಸಿನ ಮೊದಲ ನಲವತ್ತು ವರ್ಷ ನಾವೂ ಅವರೂ ಒಂದೇ ಜಿಲ್ಲೆಯವರು.

ಅವರು ಪೊಲೀಸ್ ಇಲಾಖೆಯಲ್ಲಿ ನೌಕರಿ ಮಾಡಿದವರು. ಮೊದಮೊದಲು ಕನ್ನಡವೆಂದರೆ ಅಷ್ಟಕ್ಕಷ್ಟೇ. ಅ.ನ.ಕೃ. ಅವರ 'ಸಂಧ್ಯಾರಾಗ' ಕಾದಂಬರಿ ಓದಿದ ಮೇಲೆ ಕನ್ನಡದ ಕಡೆಗೆ ಹೊರಳಿದರು. ಹೊರಳಿದವರು ಹಿಂದಕ್ಕೆ ನೋಡಲಿಲ್ಲ. ಕಾದಂಬರಿ, ನಾಟಕ, ನಗೆಹನಿ, 'ಸುಧಾ' ವಾರಪತ್ರಿಕೆಯಲ್ಲಿ ಓದುಗರ ಪ್ರಶ್ನೆಗಳಿಗೆ ಉತ್ತರ, ಕೊನೆಗೆ 'ನನ್ನ ಭಯಾಗ್ರಫಿ' ಎಂಬ ಹೆಸರಿನಲ್ಲಿ ಆತ್ಮಕಥೆ, ಹೀಗೆ 1980ರಲ್ಲಿ ತೀರಿಕೊಳ್ಳುವವರೆಗೆ ಬರೆದರು. ತಮ್ಮ ಹೆಸರಿನ ಮೊದಲ ಅಕ್ಷರವನ್ನು ಕನ್ನಡದಲ್ಲಿ, ಉಳಿದದ್ದನ್ನು ಇಂಗ್ಲಿಷ್ ಲಿಪಿಯಲ್ಲಿ ಬರೆಯುತ್ತಿದ್ದರು. ಎರಡು ಲಿಪಿಯ ಹೆಸರು ನಮ್ಮ ಊರುಗಳಿಗೆ ಹೊಸದೇನಲ್ಲ. ನಮ್ಮ ಅಂಗಡಿಗಳ ಬೋರ್ಡು ನೋಡಿದರೆ ಸಾಕು.

ಬೀಚಿಯವರ ಹೆಸರು ಹೇಳಿದರೆ ತಿಮ್ಮ ನೆನಪಾಗುತ್ತಾನೆ. ತಿಮ್ಮ ನೋಡಲು ಪೆದ್ದ. ಬಾಯಿಗೆ ಬಂದದ್ದನ್ನು ಆಡಿಬಿಡುತ್ತಾನೆ. ಅವನ ಮಾತಿಗೆ ನಾವು ನಗುತ್ತೇವೆ, ಆದರೆ ನಗು ಮುಗಿಯುವ ಹೊತ್ತಿಗೆ ಪೆದ್ದನಾಗಿ ಕಾಣುವವನು ತಿಮ್ಮನಲ್ಲ, ಅವನ ಎದುರು ನಿಂತ ದೊಡ್ಡ ಮನುಷ್ಯ. 'ತಿಮ್ಮಿಕ್ಷನರಿ' ಎಂಬ ನಿಘಂಟನ್ನೇ ಬೀಚಿ ಮಾಡಿದರು, ಶಬ್ದಗಳಿಗೆ ಪುಸ್ತಕದ ಅರ್ಥ ಬಿಟ್ಟು ಲೋಕದ ಅರ್ಥ ಕೊಡುವ ನಿಘಂಟು. ಅವರಿಗಿಂತ ಮೊದಲು ನಾ. ಕಸ್ತೂರಿಯವರು 'ಅನರ್ಥಕೋಶ' ಬರೆದಿದ್ದರು. ಡಾಕ್ಟರ್ ಎಂ. ಶಿವರಾಂ, ಅಂದರೆ ರಾಶಿಯವರು, 1942ರಲ್ಲಿ 'ಕೊರವಂಜಿ' ಎಂಬ ಹಾಸ್ಯಪತ್ರಿಕೆಯನ್ನೇ ಹೊರಡಿಸಿದ್ದರು. ತೆಲುಗಿನಲ್ಲಿ ಮುಳ್ಳಪೂಡಿ ವೆಂಕಟರಮಣ ಅವರು 'ರಾಜಕೀಯ ಬೇತಾಳ ಪಂಚವಿಂಶತಿ' ಬರೆದು ನಾಯಕರನ್ನು ಬೇತಾಳನ ಹೆಗಲಿಗೇರಿಸಿದರು. ಎರಡು ಭಾಷೆಯ ಈ ಸೊತ್ತೂ ನಮ್ಮದೇ.

ಈಗ ಬಾಯಿತಪ್ಪಿನ ವಿಚಾರಕ್ಕೆ ಬರೋಣ. ನಾಲಿಗೆ ಏಕೆ ಜಾರುತ್ತದೆ? ನಾವು ಒಂದು ಶಬ್ದ ಆಡುವಾಗ ಮುಂದಿನ ಶಬ್ದ ಆಗಲೇ ಮನಸ್ಸಿನಲ್ಲಿ ಸಿದ್ಧವಾಗಿ ನಿಂತಿರುತ್ತದೆ. ಕೆಲವೊಮ್ಮೆ ಅದು ಸರದಿ ತಪ್ಪಿಸಿ ನುಗ್ಗುತ್ತದೆ. 'ನೀರಿನ ಪೈಪು ಹಾಕಿಸುತ್ತೇವೆ' ಎನ್ನಲು ಹೋದವರು 'ಪೀರಿನ ನೈಪು ಹಾಕಿಸುತ್ತೇವೆ' ಎಂದುಬಿಡಬಹುದು. ಇಂಥ ಅದಲುಬದಲಿಗೆ ಆಕ್ಸ್‌ಫರ್ಡಿನ ಸ್ಪೂನರ್ ಎಂಬ ಪಾದ್ರಿ ಪಂಡಿತರ ಹೆಸರನ್ನೇ ಇಂಗ್ಲಿಷಿನವರು ಇಟ್ಟಿದ್ದಾರೆ. ಇನ್ನು ಕೆಲವೊಮ್ಮೆ ಒಂದು ಶಬ್ದದ ಜಾಗಕ್ಕೆ ಅದರ ಜೋಡಿ ಶಬ್ದ ಬಂದು ಕೂರುತ್ತದೆ. ಹುಟ್ಟು ಎನ್ನಲು ಸಾವು, ಮಿತ್ರ ಎನ್ನಲು ಶತ್ರು. ಮನಸ್ಸಿನ ಗೂಡಿನಲ್ಲಿ ಇವು ಅಕ್ಕಪಕ್ಕದಲ್ಲೇ ಇರುತ್ತವೆ. ದಿನಕ್ಕೆ ಐದಾರು ಸಭೆ, ನಿದ್ದೆಗೇಡು, ಬಿಸಿಲು, ಯಾರೋ ಬರೆದುಕೊಟ್ಟ ಕಾಗದ, ಇಷ್ಟು ಸೇರಿದರೆ ಎಂಥ ವಾಗ್ಮಿಯ ನಾಲಿಗೆಯೂ ಎಡವುತ್ತದೆ.

2011ರ ಫೆಬ್ರವರಿಯಲ್ಲಿ ನಡೆದದ್ದನ್ನು ನೋಡಿ. ಮಂಡ್ಯ ಜಿಲ್ಲೆಯ ಎಸ್.ಎಂ. ಕೃಷ್ಣ ಅವರು ಆಗ ದೇಶದ ವಿದೇಶಾಂಗ ಮಂತ್ರಿ. ವಿಶ್ವಸಂಸ್ಥೆಯ ಭದ್ರತಾ ಮಂಡಳಿಯಲ್ಲಿ ಭಾಷಣ ಓದಲು ಎದ್ದರು. ಮುಂದಿದ್ದ ಕಾಗದಗಳಲ್ಲಿ ಪೋರ್ಚುಗಲ್ ದೇಶದ ಮಂತ್ರಿಯ ಭಾಷಣವೂ ಇತ್ತು. ಅದನ್ನೇ ಓದತೊಡಗಿದರು. ಪೋರ್ಚುಗೀಸ್ ಮಾತನಾಡುವ ಎರಡು ದೇಶಗಳು ಇಲ್ಲಿ ಕೂಡಿರುವುದು ತಮಗೆ ಸಂತೋಷ ತಂದಿದೆ ಎಂಬ ಸಾಲೂ ಅವರ ಬಾಯಿಂದ ಬಂತು. ಸುಮಾರು ಮೂರು ನಿಮಿಷ ಆದಮೇಲೆ ಪಕ್ಕದಲ್ಲಿದ್ದ ಭಾರತದ ಪ್ರತಿನಿಧಿ ಹರ್‌ದೀಪ್ ಸಿಂಗ್ ಪುರಿ ಎಚ್ಚರಿಸಿದರು. ದೇಶವೆಲ್ಲ ನಕ್ಕಿತು, ನಗಲಿ. ಆದರೆ ಆ ಮೂರು ನಿಮಿಷದಿಂದ ಯಾರ ಹೊಲವೂ ಒಣಗಲಿಲ್ಲ. ಇದು ಕನ್ನಡದ ಪ್ರಮಾದ. ಮೂರು ನಿಮಿಷ ಓದಿದರೂ ಅದು ಬೇರೆ ದೇಶದ ಭಾಷಣ ಎಂದು ಯಾರಿಗೂ ತಿಳಿಯದಷ್ಟು ಆ ಭಾಷಣಗಳೆಲ್ಲ ಒಂದೇ ತರಹ ಇರುತ್ತವೆಯಲ್ಲ, ತಿಮ್ಮನಿದ್ದಿದ್ದರೆ ಅದನ್ನು ಹಿಡಿಯುತ್ತಿದ್ದನೇನೋ.

2018ರ ಕರ್ನಾಟಕ ಚುನಾವಣೆಯಲ್ಲಿ ಎಲ್ಲ ಪಕ್ಷದವರಿಗೂ ಪಾಲು ಸಿಕ್ಕಿತು. ಮಾರ್ಚ್ ತಿಂಗಳಲ್ಲಿ ದಾವಣಗೆರೆಯ ಪತ್ರಿಕಾಗೋಷ್ಠಿಯಲ್ಲಿ ಅಮಿತ್ ಶಾ ಅವರು ಸಿದ್ದರಾಮಯ್ಯನವರ ಸರ್ಕಾರವನ್ನು ಭ್ರಷ್ಟ ಎನ್ನಲು ಹೊರಟು ಯಡಿಯೂರಪ್ಪನವರ ಹೆಸರು ಹೇಳಿದರು. ಯಡಿಯೂರಪ್ಪನವರು ಪಕ್ಕದಲ್ಲೇ ಕೂತಿದ್ದರು. ಅದೇ ದಿನಗಳಲ್ಲಿ ನಮ್ಮ ರಾಯದುರ್ಗದ ಆಚೆಗಿನ ಚಳ್ಳಕೆರೆಯಲ್ಲಿ ಅವರ ಹಿಂದಿ ಭಾಷಣವನ್ನು ಪ್ರಹ್ಲಾದ ಜೋಶಿಯವರು ಕನ್ನಡಕ್ಕೆ ಹೇಳುತ್ತಿದ್ದರು. ಬೈಗುಳ ಎದುರಾಳಿಗೆ ಮುಟ್ಟುವ ಬದಲು ಮೋದಿಯವರಿಗೇ ಮುಟ್ಟಿತು. ಬಡವರಿಗೆ, ದಲಿತರಿಗೆ ಅವರು ಏನೂ ಮಾಡುವುದಿಲ್ಲ ಎಂಬಂತೆ ಅನುವಾದ ಹೊರಟಿತು. ಇತ್ತ ರಾಹುಲ್ ಗಾಂಧಿಯವರ ನಾಲಿಗೆಗೆ ವಿಶ್ವೇಶ್ವರಯ್ಯ ಎಂಬ ಹೆಸರು ಹೊರಳಲಿಲ್ಲ. ಮೇ 1ರಂದು ಸಂತೇಮರಹಳ್ಳಿಯಲ್ಲಿ ನರೇಂದ್ರ ಮೋದಿಯವರು ಆ ಹೆಸರನ್ನು ಐದು ಸಲ ಹೇಳಿ ತೋರಿಸಿ ಎಂದು ಸವಾಲು ಹಾಕಿದರು. ವಿಶ್ವೇಶ್ವರಯ್ಯನವರು ಕಟ್ಟಿದ್ದು ಏನು, ಈಗ ಕಟ್ಟಬೇಕಾದದ್ದು ಏನು ಎಂಬುದು ಹಿಂದೆ ಸರಿದು ಅವರ ಹೆಸರು ಯಾರ ಬಾಯಲ್ಲಿ ಹೇಗೆ ಹೊರಡುತ್ತದೆ ಎಂಬುದೇ ಸುದ್ದಿಯಾಯಿತು. ನಗುವಿಗೆ ಇದೊಂದು ದೋಷ ಉಂಟು. ಅದು ನಮ್ಮನ್ನು ಎಚ್ಚರಿಸಲೂಬಲ್ಲದು, ನಮ್ಮ ಗಮನವನ್ನು ಕದಿಯಲೂಬಲ್ಲದು.

ಈ ಕಡೆಗೆ ಬಂದರೆ 2017ರ ಏಪ್ರಿಲ್‌ನ ಮಾತು ನಿಮಗೆ ನೆನಪಿರಬಹುದು. ಆಗಷ್ಟೇ ಮಂತ್ರಿಯಾಗಿದ್ದ ನಾರಾ ಲೋಕೇಶ್ ಅವರು ಅಂಬೇಡ್ಕರ್ ಜಯಂತಿಯ ದಿನ 'ಜಯಂತಿ' ಎನ್ನುವ ಬದಲು 'ವರ್ಧಂತಿ' ಎಂದರು. ತೆಲುಗಿನಲ್ಲಿ ವರ್ಧಂತಿ ಎಂದರೆ ತೀರಿಕೊಂಡ ದಿನ. ಎದುರು ಪಕ್ಷದವರು ಅದನ್ನು ವರ್ಷಗಟ್ಟಲೆ ಬಿಡಲಿಲ್ಲ. ಆದರೆ ನಮ್ಮ ಮಂತ್ರಾಲಯಕ್ಕೆ ಹೋಗಿ ನೋಡಿ. ಫಾಲ್ಗುಣದಲ್ಲಿ ರಾಯರ ವರ್ಧಂತಿ ಎಂದರೆ ಹುಟ್ಟುಹಬ್ಬ, ಶ್ರಾವಣದಲ್ಲಿ ಆರಾಧನೆ. ಮೈಸೂರಿನ ಚಾಮುಂಡಿ ಬೆಟ್ಟದಲ್ಲೂ ಅಮ್ಮನವರ ವರ್ಧಂತಿ ಎಂದರೆ ಹುಟ್ಟಿದ ದಿನವೇ. ಅಂದರೆ ಆ ಮಂತ್ರಿಗಳು ಅದೇ ಮಾತನ್ನು ಹೊಳಗುಂದ ದಾಟಿ ಸಿರುಗುಪ್ಪದಲ್ಲಿ ಆಡಿದ್ದರೆ ಶುದ್ಧ ಕನ್ನಡ ಮಾತಾಡಿದರು ಎಂದು ಹಾರ ಹಾಕುತ್ತಿದ್ದರು! ಒಂದು ಊರಿನ ತಪ್ಪು ಇನ್ನೊಂದು ಊರಿನ ಸರಿ. ಇದನ್ನು ಕಂಡು ನಗಬಲ್ಲವರು ಎರಡೂ ಭಾಷೆ ಬಲ್ಲ ನಾವೇ.

ಇಂಥವು ನಮ್ಮಲ್ಲಿ ಬೇಕಾದಷ್ಟಿವೆ. ತೆಲುಗಿನಲ್ಲಿ 'ಅವಸರಂ ಲೇದು' ಎಂದರೆ ಅಗತ್ಯವಿಲ್ಲ. ಕನ್ನಡದ ಕಿವಿಗೆ ಅದು 'ಅವಸರವಿಲ್ಲ, ನಿಧಾನವಾಗಿ ಆಗಲಿ' ಎಂದು ಕೇಳುತ್ತದೆ. ಅಧಿಕಾರಿಗಳು ಯಾವ ಅರ್ಥದಲ್ಲಿ ಹೇಳಿದರೂ ಅರ್ಜಿ ಇದ್ದ ಜಾಗದಿಂದ ಕದಲದಿರುವುದು ಬೇರೆ ಮಾತು. ತೆಲುಗಿನ 'ಅನ್ನ' ನಮ್ಮ ಅಣ್ಣ. ನಮ್ಮ ಅನ್ನ ಊಟದ ತಟ್ಟೆಯಲ್ಲಿರುವುದು. 1983ರಲ್ಲಿ ಎನ್.ಟಿ. ರಾಮರಾಯರು ಕಿಲೋಗೆ 2 ರೂಪಾಯಿಯಂತೆ ಅಕ್ಕಿ ಕೊಡಿಸಿದಾಗ ಆ ಅನ್ನ ಈ ಅನ್ನವನ್ನೂ ಕೊಟ್ಟರು, ಎರಡು ಭಾಷೆಯೂ ಒಂದಾಯಿತು. ಇನ್ನು 'ಇಲ್ಲು' ಎಂದರೆ ಮನೆ. 'ಪ್ರತಿ ಪೇದವಾಡಿಕಿ ಇಲ್ಲು' ಎಂದು ಎಷ್ಟೋ ಚುನಾವಣೆಗಳಿಂದ ಮೈಕಿನಲ್ಲಿ ಕೇಳುತ್ತಿದ್ದೇವೆ. ಮನೆ ಸಿಕ್ಕವರು ಅದನ್ನು ತೆಲುಗಿನಲ್ಲಿ ಕೇಳಿದ್ದಾರೆ. ಸಿಗದವರು ಕನ್ನಡದಲ್ಲಿ ಕೇಳಿ, 'ಬಡವನಿಗೆ ಇಲ್ಲ' ಎಂದು ಮೊದಲೇ ಸ್ಪಷ್ಟವಾಗಿ ಹೇಳಿದ್ದರಲ್ಲ ಎಂದು ಸಮಾಧಾನ ಮಾಡಿಕೊಳ್ಳಬೇಕು.

ಕೆಲವು ಬಾಯಿತಪ್ಪುಗಳಲ್ಲಿ ನಿಜ ಹೊರಬೀಳುತ್ತದೆ. ಸಿಗ್ಮಂಡ್ ಫ್ರಾಯ್ಡ್ ಎಂಬ ಮನಶ್ಶಾಸ್ತ್ರಜ್ಞರು 1901ರಲ್ಲಿ ಬರೆದ ಪುಸ್ತಕದಲ್ಲಿ ಆಸ್ಟ್ರಿಯಾ ದೇಶದ ಸಂಸತ್ತಿನ ಪ್ರಸಂಗ ಒಂದಿದೆ. ಕೆಳಮನೆಯ ಅಧ್ಯಕ್ಷರು ಅಧಿವೇಶನವನ್ನು ಆರಂಭಿಸಬೇಕಾಗಿತ್ತು. ಎದ್ದು ನಿಂತು, ಇಷ್ಟು ಮಂದಿ ಸದಸ್ಯರು ಹಾಜರಿದ್ದಾರೆ, ಅಧಿವೇಶನ ಮುಕ್ತಾಯವಾಯಿತು ಎಂದು ಸಾರಿಬಿಟ್ಟರು. ಆ ಸಭೆಯಿಂದ ಒಳ್ಳೆಯದೇನೂ ಆಗದು, ಬೇಗ ಮುಗಿದರೆ ಸಾಕು ಎಂಬ ಒಳಗಿನ ಆಸೆ ನಾಲಿಗೆಗೆ ಬಂತು ಎಂದು ಫ್ರಾಯ್ಡ್ ಅರ್ಥ ಹೇಳುತ್ತಾರೆ. ಹಾಗೆಂದು ಜಾರಿದ ಪ್ರತಿ ಮಾತಿನಲ್ಲೂ ಒಳಗಿನ ಗುಟ್ಟು ಹುಡುಕಬೇಕಾಗಿಲ್ಲ. ಬಹಳಷ್ಟು ಸಲ ಅದು ಬರೀ ದಣಿದ ನಾಲಿಗೆ.

ಮಾತಾಡದೆ ಇರುವುದೂ ಒಂದು ಉಪಾಯ. 1991ರ ನವೆಂಬರಿನಲ್ಲಿ ಪ್ರಧಾನಿ ಪಿ.ವಿ. ನರಸಿಂಹರಾಯರು ಆಗ ನಮ್ಮ ಜಿಲ್ಲೆಯಲ್ಲೇ ಇದ್ದ ನಂದ್ಯಾಲದಿಂದ ಐದು ಲಕ್ಷಕ್ಕೂ ಹೆಚ್ಚು ಮತಗಳ ಅಂತರದಲ್ಲಿ ಗೆದ್ದರು. ಹಲವು ಭಾಷೆಗಳನ್ನು ಬಲ್ಲವರು, ಆದರೆ ಅವರ ಮೌನವೇ ಪ್ರಸಿದ್ಧವಾಯಿತು. ಬಾಯಿ ತೆರೆಯದವರಿಗೆ ಬಾಯಿತಪ್ಪಿನ ಭಯವಿಲ್ಲ. ಪಾಪ, ನಗೆಬರಹಗಾರರು ಅವರ ಮೌನದ ಮೇಲೆಯೇ ಬದುಕಬೇಕಾಯಿತು.

ಈಗ ತೆಲುಗಿನ ಪ್ರಮಾದಕ್ಕೆ ಬರುತ್ತೇನೆ. ಅದಕ್ಕೆ ದೂರದ ಒಂದು ಉದಾಹರಣೆ ಬೇಕು. ಅಮೆರಿಕದಲ್ಲಿ ಜಾರ್ಜ್ ಬುಷ್ ಎಂಬ ಅಧ್ಯಕ್ಷರಿದ್ದರು, ಇಬ್ಬರಲ್ಲಿ ಮಗ. ಅವರ ನಾಲಿಗೆ ಆಗಾಗ ಎಡವುತ್ತಿತ್ತು. ಏಕವಚನಕ್ಕೆ ಬಹುವಚನ ಸೇರುತ್ತಿತ್ತು, ಎರಡು ಶಬ್ದ ಡಿಕ್ಕಿ ಹೊಡೆದು ಮೂರನೆಯ ಶಬ್ದ ಹುಟ್ಟುತ್ತಿತ್ತು. ಜೇಕಬ್ ವೈಸ್‌ಬರ್ಗ್ ಎಂಬ ಪತ್ರಕರ್ತರು ಅವನ್ನು ಒಂದೊಂದಾಗಿ ಆಯ್ದು, 'ಬುಷಿಸಂ' ಎಂಬ ಹೆಸರಿನಲ್ಲಿ ಪುಸ್ತಕಗಳನ್ನೇ ತಂದರು. ಜನ ಕೊಂಡು ಓದಿದರು, ಹೊಟ್ಟೆ ಹುಣ್ಣಾಗುವಂತೆ ನಕ್ಕರು. ಅದೇ ಅಧ್ಯಕ್ಷರು 2003ರ ಜನವರಿ 28ರಂದು ಸಂಸತ್ತಿನ ಮುಂದೆ ಒಂದು ಭಾಷಣ ಓದಿದರು. ಇರಾಕಿನ ಸದ್ದಾಂ ಹುಸೇನ್ ಆಫ್ರಿಕಾದಿಂದ ಯುರೇನಿಯಂ ತರಿಸಲು ನೋಡಿದ್ದನ್ನು ಬ್ರಿಟಿಷರು ಕಂಡುಹಿಡಿದಿದ್ದಾರೆ ಎಂಬ ಅರ್ಥದ ಒಂದು ವಾಕ್ಯ ಅದರಲ್ಲಿತ್ತು. ಇಂಗ್ಲಿಷಿನಲ್ಲಿ ಎಣಿಸಿದರೆ 16 ಶಬ್ದ. ವ್ಯಾಕರಣದಲ್ಲಿ ಒಂದೂ ತಪ್ಪಿಲ್ಲ. ನಾಲಿಗೆ ಎಲ್ಲೂ ಜಾರಲಿಲ್ಲ, ಯಾರೂ ನಗಲಿಲ್ಲ. ಮಾರ್ಚ್‌ನಲ್ಲಿ ಯುದ್ಧ ಶುರುವಾಯಿತು. ಜುಲೈನಲ್ಲಿ ಆ ವಾಕ್ಯ ಭಾಷಣದಲ್ಲಿ ಇರಬಾರದಾಗಿತ್ತು ಎಂದು ಅವರ ಕಚೇರಿಯೇ ಒಪ್ಪಿಕೊಂಡಿತು. ಅಷ್ಟರಲ್ಲಿ ಎಷ್ಟೋ ಮನೆಗಳ ದೀಪ ಆರಿಹೋಗಿತ್ತು.

ಬಂಧುಗಳೇ, ಬುಷ್ ಅವರ ಎಡವಿದ ಮಾತುಗಳಿಂದ ಯಾರಿಗೂ ಗಾಯವಾಗಲಿಲ್ಲ. ಎಡವದೆ, ತಡವರಿಸದೆ, ನಯವಾಗಿ ಓದಿದ ಮಾತು ಅಪಘಾತವಾಯಿತು. ಅದಕ್ಕೇ ನಮ್ಮ ಹಿರಿಯರು ಎರಡು ಬೇರೆ ಮಾತು ಇಟ್ಟಿದ್ದಾರೆ. ಬಾಯಿ ತಪ್ಪುವುದು ಬೇರೆ, ಮಾತು ತಪ್ಪುವುದು ಬೇರೆ. ತೆಲುಗಿನಲ್ಲೂ ಹಾಗೆಯೇ, ನೋರು ಜಾರಡಂ ಬೇರೆ, ಮಾಟ ತಪ್ಪಡಂ ಬೇರೆ. ಬಾಯಿ ತಪ್ಪಿದವರು ಮರುಕ್ಷಣ ತಿದ್ದಿಕೊಳ್ಳಬಹುದು. ಮಾತು ತಪ್ಪಿದವರು ಐದು ವರ್ಷ ಕಳೆದು ಮತ್ತೆ ಅದೇ ಮಾತು ಹೊತ್ತು ಬರುತ್ತಾರೆ, ಅದೂ ಒಂದು ಅಕ್ಷರ ತಪ್ಪದಂತೆ.

ನಮ್ಮ ಪಶ್ಚಿಮ ಕರ್ನೂಲಿನಲ್ಲಿ ಅಂಥ ಮಾತು ಯಾವುದು ಎಂದು ನಾನು ಹೇಳಬೇಕೇ? ಹೊಸಪೇಟೆಯ ತುಂಗಭದ್ರಾ ಜಲಾಶಯದಿಂದ ಹೊರಡುವ ಕೆಳಮಟ್ಟದ ಕಾಲುವೆ ಬಳ್ಳಾರಿ ಜಿಲ್ಲೆ ದಾಟಿ ನಮ್ಮ ಹೊಲಗಳಿಗೆ ಬರುವ ಹೊತ್ತಿಗೆ ಸೊರಗಿರುತ್ತದೆ. ಕೊನೆಯಂಚಿನ ರೈತರಿಗೆ ಕಾಲುವೆ ಕಾಣುತ್ತದೆ, ನೀರು ಕಾಣುವುದಿಲ್ಲ. ಮಳೆ ಕೈಕೊಟ್ಟ ವರ್ಷ ಕೋಸಿಗಿ, ಕೌತಾಳಂ, ಆಲೂರಿನ ಕಡೆಯ ಮನೆಗಳಿಗೆ ಬೀಗ ಬೀಳುತ್ತದೆ. ಗುಂಟೂರಿನ ಕಡೆಗೆ ಮೆಣಸಿನಕಾಯಿ ಬಿಡಿಸಲು, ಬೆಂಗಳೂರಿಗೆ ಕಟ್ಟಡದ ಕೆಲಸಕ್ಕೆ ಜನ ಗುಳೆ ಹೋಗುತ್ತಾರೆ. ಜೊತೆಗೆ ಮಕ್ಕಳೂ ಶಾಲೆ ಬಿಟ್ಟು ಹೋಗುತ್ತವೆ. ಕನ್ನಡದಲ್ಲಿ ಗುಳೆ ಎನ್ನಿ, ತೆಲುಗಿನಲ್ಲಿ ವಲಸ ಎನ್ನಿ, ಈ ಶಬ್ದದ ಅರ್ಥದಲ್ಲಿ ಎರಡು ಭಾಷೆಗೂ ಭೇದವಿಲ್ಲ. ನೀರು ತರುತ್ತೇವೆ ಎಂದ ಭಾಷಣಗಳಲ್ಲಿ ನಾಲಿಗೆ ಜಾರಿದ ನೆನಪು ಯಾರಿಗೂ ಇಲ್ಲ. ಎಲ್ಲವೂ ಸೊಗಸಾದ ಭಾಷಣಗಳೇ.

ಬಾಯಿತಪ್ಪಿಗೆ ನಗುವಾಗ ಇನ್ನೊಂದು ಎಚ್ಚರವೂ ನಮಗೆ ಬೇಕು. ನಾಯಕರು ಮಾತ್ರ ಎಡವುವುದಿಲ್ಲ. ಹಾಲಹರವಿಯ ಅಜ್ಜಿಯೊಬ್ಬಳು ಪಿಂಚಣಿ ಕೇಳಲು ಮಂಡಲದ ಕಚೇರಿಗೆ ಹೋದಾಗ ಅರ್ಧ ಕನ್ನಡ ಅರ್ಧ ತೆಲುಗು ಬೆರೆಸಿ ಆಡುತ್ತಾಳೆ. ಕೆಲವರು ಮುಸಿಮುಸಿ ನಗುತ್ತಾರೆ. ಇಲ್ಲಿ ಕನ್ನಡ ಶಾಲೆಯಲ್ಲಿ ಓದಿದ ಮಗು ಕರ್ನೂಲಿಗೆ ಹೋದರೆ ಅದರ ತೆಲುಗಿಗೆ ನಗು, ಬಳ್ಳಾರಿಗೆ ಹೋದರೆ ಅದರ ಕನ್ನಡಕ್ಕೆ ನಗು. ಎರಡು ಕಡೆ ನಕ್ಕರೆ ಆ ಮಗು ಬಾಯಿ ಮುಚ್ಚಿಕೊಳ್ಳುತ್ತದೆ. ಅಜ್ಜಿ ಮುಂದಿನ ತಿಂಗಳು ಕಚೇರಿಗೆ ಹೋಗುವುದನ್ನೇ ಬಿಡುತ್ತಾಳೆ. ಬೀಚಿಯವರ ತಿಮ್ಮನನ್ನು ನಾನು ಇಷ್ಟು ಹೊತ್ತು ನೆನೆದದ್ದು ಇದಕ್ಕೇ. ತಿಮ್ಮನ ನಾಲಿಗೆ ತೊದಲಿದರೂ ಲೇಖಕರು ಅವನ ಪಕ್ಕ ನಿಲ್ಲುತ್ತಾರೆ. ಅವನ ಎದುರಿನವರ ನಾಲಿಗೆ ನಯವಾಗಿದ್ದಷ್ಟೂ ಬೀಚಿಯವರ ಲೇಖನಿ ಚೂಪಾಗುತ್ತದೆ. ದೊಡ್ಡವರ ನಡತೆಗೆ ನಗು, ಸಣ್ಣವರ ನಾಲಿಗೆಗೆ ಮರ್ಯಾದೆ. ಒಳ್ಳೆಯ ನಗೆಬರಹದ ಧರ್ಮ ಇದು. ಗಡಿಯಲ್ಲಿ ಬದುಕುವ ನಮಗೆ ಇದು ಹೊಟ್ಟೆಪಾಡಿನ ವಿಷಯವೂ ಹೌದು, ಏಕೆಂದರೆ ನಾಲಿಗೆ ಎಡವುವುದೇ ತಪ್ಪಾದರೆ ದಿನವೂ ಎರಡು ಭಾಷೆಯ ನಡುವೆ ಓಡಾಡುವ ನಮ್ಮಷ್ಟು ತಪ್ಪಿತಸ್ಥರು ಬೇರೆ ಯಾರೂ ಇರಲಾರರು.

ಇನ್ನು ಮುಂದೆ ನಿಮ್ಮ ಊರಿಗೆ ನಾಯಕರು ಬಂದು ಮೈಕು ಹಿಡಿದಾಗ, ಅವರ ನಾಲಿಗೆ ಜಾರಿದರೆ ಧಾರಾಳವಾಗಿ ನಗಿ. ಬಿಸಿಲಲ್ಲಿ ಕೂತದ್ದಕ್ಕೆ ಅಷ್ಟಾದರೂ ಕೂಲಿ ಸಿಗಲಿ. ಮನೆಗೆ ಬಂದು ಹೇಳಿ ಮನೆಯವರನ್ನೂ ನಗಿಸಿ. ಆಮೇಲೆ ಮಕ್ಕಳ ಹಳೆಯ ನೋಟ್ ಪುಸ್ತಕದಲ್ಲಿ ಒಂದು ಹಾಳೆ ಹುಡುಕಿ. ಅವರು ಜಾರದೆ ಆಡಿದ ಮಾತುಗಳನ್ನು ಬರೆದಿಡಿ. ಯಾವ ಊರಿಗೆ ಯಾವ ಕಾಲುವೆ ಎಂದರು, ಎಷ್ಟು ಮನೆ ಎಂದರು, ಯಾವ ಶಾಲೆಗೆ ಮೇಷ್ಟ್ರು ಎಂದರು, ಎಂದಿನೊಳಗೆ ಎಂದರು. ಕನ್ನಡದಲ್ಲಾದರೂ ಬರೆಯಿರಿ, ತೆಲುಗಿನಲ್ಲಾದರೂ ಬರೆಯಿರಿ, ಕಾಗುಣಿತ ತಪ್ಪಾದರೂ ಚಿಂತೆಯಿಲ್ಲ. ಅಂಕಿ ಮಾತ್ರ ತಪ್ಪದಿರಲಿ. ಕೆಳಗೆ ತಾರೀಖು ಹಾಕಿ, ದೇವರ ಪಟದ ಹಿಂದೆ ಸಿಕ್ಕಿಸಿಡಿ. ಮತ್ತೆ ಅವರು ಬಂದಾಗ ಆ ಹಾಳೆಯನ್ನು ಸಭೆಯಲ್ಲಿ ಗಟ್ಟಿಯಾಗಿ ಓದಿ.